ಧವಲೆಯ ಗಣಿತವೂ ಮೂಡುಬಿದಿರೆಯ ತಾಳೆಗರಿಗಳೂ

ಪುಷ್ಪದಂತ-ಭೂತಬಲಿ ಆಚಾರ್ಯರ ಷಟ್ಖಂಡಾಗಮಕ್ಕೆ ಶ್ರೀ ವೀರಸೇನಾಚಾರ್ಯರು ರಚಿಸಿದ ಧವಲಾ ಟೀಕೆಯು ಕ್ರಿ.ಶ. 816ರಲ್ಲಿ, ಅಮೋಘವರ್ಷ ನೃಪತುಂಗನ ಆಳ್ವಿಕೆಯ ಆರಂಭದಲ್ಲಿ ಸಂಪೂರ್ಣವಾಯಿತು. ಕರ್ಮಸಿದ್ಧಾಂತವನ್ನು ನಿರೂಪಿಸುವ ಈ ಮಹಾಗ್ರಂಥದಲ್ಲಿ ಗಣಿತದ ಭಂಡಾರವೇ ಅಡಗಿದೆ ಎಂಬುದು ನಮ್ಮ ಶ್ರಾವಕರಲ್ಲಿ ಅನೇಕರಿಗೆ ತಿಳಿದಿಲ್ಲ.

ಜೀವರಾಶಿಗಳ ಪ್ರಮಾಣವನ್ನು ಹೇಳಹೊರಟವರಿಗೆ ಸಾಮಾನ್ಯ ಸಂಖ್ಯೆಗಳು ಸಾಲವು. ಗೊಮ್ಮಟಸಾರದಲ್ಲಿ ಪರ್ಯಾಪ್ತ ಮನುಷ್ಯರ ಸಂಖ್ಯೆಯೇ 29 ಅಂಕಗಳಷ್ಟು ದೀರ್ಘವಾಗಿದೆ. ಇಂಥ ರಾಶಿಗಳನ್ನು ಹಿಡಿತಕ್ಕೆ ತರಲು ಧವಲೆಯಲ್ಲಿ ಬಳಕೆಯಾದ ಉಪಾಯವೇ ‘ಅರ್ಧಚ್ಛೇದ’. ಒಂದು ಸಂಖ್ಯೆಯನ್ನು ಒಂದು ಉಳಿಯುವವರೆಗೆ ಎಷ್ಟು ಸಲ ಅರ್ಧಿಸಬಹುದೋ ಅಷ್ಟು ಅದರ ಅರ್ಧಚ್ಛೇದ. 8ಕ್ಕೆ 3, 32ಕ್ಕೆ 5. ಇವೆರಡನ್ನು ಗುಣಿಸಿದರೆ 256. ಅದರ ಅರ್ಧಚ್ಛೇದ 8, ಅಂದರೆ ಮೂರು ಮತ್ತು ಐದರ ಮೊತ್ತ. ಗುಣಾಕಾರದ ಶ್ರಮವು ಹೀಗೆ ಸಂಕಲನದಲ್ಲಿ ತೀರುತ್ತದೆ. ಯೂರೋಪಿನಲ್ಲಿ ನೇಪಿಯರನ ಲಾಗರಿದಮ್ ಕೋಷ್ಟಕಗಳು ಪ್ರಕಟವಾದದ್ದು 1614ರಲ್ಲಿ. ಮೂರರಿಂದ ಭಾಗಿಸುವ ತ್ರಿಕಚ್ಛೇದ, ನಾಲ್ಕರಿಂದ ಭಾಗಿಸುವ ಚತುರ್ಥಚ್ಛೇದಗಳೂ ಧವಲೆಯಲ್ಲಿವೆ.

ಇಂದು ಸಿದ್ದಾಪುರ, ಜಯನಗರಗಳ ಕಡೆಯ ಮನೆಮನೆಯ ಮಕ್ಕಳೂ ಬಳಸುವ ಕಂಪ್ಯೂಟರಿನಲ್ಲಿ 256 ಬೇರೆ ಬೇರೆ ಸಂಕೇತಗಳನ್ನು ಗುರುತಿಸಲು ಸೊನ್ನೆ-ಒಂದುಗಳ ಎಂಟು ಸ್ಥಾನಗಳು ಬೇಕು. ಆ ಎಂಟು, ಆಚಾರ್ಯರು ಹೇಳಿದ ಅರ್ಧಚ್ಛೇದವೇ. ಹಾಗೆಂದು ಕಂಪ್ಯೂಟರನ್ನೂ ನಮ್ಮವರೇ ಕಂಡುಹಿಡಿದರೆಂದರೆ ಅದು ಅತಿಯಾದೀತು. ಆಚಾರ್ಯರಿಗೆ ಅಂಥ ಹೊಗಳಿಕೆಯ ಅಗತ್ಯವೂ ಇಲ್ಲ.

ವೀರಸೇನರ ಮತ್ತೊಂದು ಗುಣ ಸ್ಮರಣೀಯವಾದುದು. ಪೂರ್ವಾಚಾರ್ಯರಲ್ಲಿ ಮತಭೇದವಿದ್ದಲ್ಲಿ ಅವರು ಅದನ್ನು ಮರೆಮಾಚಲಿಲ್ಲ. ದಕ್ಷಿಣ ಪ್ರತಿಪತ್ತಿ, ಉತ್ತರ ಪ್ರತಿಪತ್ತಿ ಎಂದು ಎರಡನ್ನೂ ಬರೆದಿಟ್ಟರು. ತಮಗೆ ಒಪ್ಪಿಗೆಯಾದುದನ್ನು ಹೇಳಿದರೂ ಇನ್ನೊಂದನ್ನು ಅಳಿಸಲಿಲ್ಲ.

ಇಂಥ ವಿಶಾಲ ಮನಸ್ಸಿನ ಗ್ರಂಥವು ಶತಮಾನಗಳ ಕಾಲ ಮೂಡುಬಿದಿರೆಯ ಸಿದ್ಧಾಂತ ಬಸದಿಯಲ್ಲಿ ಕೇವಲ ದರ್ಶನಕ್ಕೆ ದೊರಕಿತು, ಓದಿಗೆ ದೊರಕಲಿಲ್ಲ. ಹಳಗನ್ನಡ ಲಿಪಿಯ ಆ ತಾಳೆಗರಿಗಳನ್ನು ಭಕ್ತಿಯಿಂದ ಕಾಪಾಡಿದವರ ಉಪಕಾರವನ್ನು ಮರೆಯಲಾಗದು. ಆದರೆ ಮುಚ್ಚಿಟ್ಟ ಮಾತ್ರಕ್ಕೆ ಗರಿಗಳು ಉಳಿಯಲಿಲ್ಲ. ಮಹಾಬಂಧದ ಕೆಲವು ಗರಿಗಳು ನಷ್ಟವೇ ಆದವು. 19ನೆಯ ಶತಮಾನದ ಕೊನೆಯಲ್ಲಿ ಮುಂಬಯಿ, ಸೊಲ್ಲಾಪುರಗಳ ಶ್ರೇಷ್ಠಿಗಳ ಪ್ರಯತ್ನದಿಂದ ಪ್ರತಿಮಾಡುವ ಕಾರ್ಯಕ್ಕೆ ಅನುಮತಿ ದೊರೆಯಿತು. ಆದರೂ ಆ ಪ್ರತಿ ಹೊರಗೆ ಹೋಗುವಂತಿರಲಿಲ್ಲ. ಆಗ ಪ್ರತಿಕಾರರಾಗಿದ್ದ ಗಜಪತಿ ಉಪಾಧ್ಯಾಯರು ಪತ್ನಿ ಲಕ್ಷ್ಮೀಬಾಯಿಯವರ ನೆರವಿನಿಂದ ಗುಟ್ಟಾಗಿ ಇನ್ನೊಂದು ಕನ್ನಡ ಪ್ರತಿಯನ್ನು ಸಿದ್ಧಪಡಿಸಿದರು. ಅದು ಸಹಾರನಪುರವನ್ನು ಸೇರಿತು. ಅಲ್ಲಿಂದ ಪ್ರತಿಗೆ ಪ್ರತಿ ಬೆಳೆಯಿತು. ಅವರು ಮಾಡಿದ್ದು ನಿಯಮಭಂಗವೆಂಬುದು ನಿಜ. ಆದರೆ ಅದನ್ನು ಅಪಚಾರವೆಂದು ಕರೆಯಲು ನಾಲಿಗೆ ಏಳದು.

ಆ ಪ್ರತಿಗಳ ಆಧಾರದಿಂದಲೇ ಡಾ. ಹೀರಾಲಾಲ್ ಜೈನರು ಅಮರಾವತಿಯಲ್ಲಿ 1939ರಿಂದ ಧವಲೆಯನ್ನು ಪ್ರಕಟಿಸತೊಡಗಿದರು. 1942ರ ನಾಲ್ಕನೆಯ ಸಂಪುಟದಲ್ಲಿ ಲಖನೌ ವಿಶ್ವವಿದ್ಯಾನಿಲಯದ ಗಣಿತಜ್ಞ ಅವಧೇಶ ನಾರಾಯಣ ಸಿಂಹರ ಲೇಖನ ಬಂದು, ಅರ್ಧಚ್ಛೇದದ ವಿಷಯವು ವಿದ್ವಲ್ಲೋಕಕ್ಕೆ ತಿಳಿಯಿತು. ಮುದ್ರಿತ ಗ್ರಂಥವನ್ನು ಕಂಡ ಬಳಿಕ ಮೂಡುಬಿದಿರೆಯವರೂ ಮೂಲ ಗರಿಗಳೊಡನೆ ಪಾಠವನ್ನು ತಾಳೆನೋಡಲು ಸಮ್ಮತಿಸಿದರು. ಹದಿನಾರು ಸಂಪುಟಗಳಲ್ಲಿ ಧವಲೆ ಪೂರ್ಣವಾಯಿತು.