ಕತ್ತಿಹಲ್ಲಿನ ಮೃಗ

ಹೊಗೆಯನ್ನು ಕಂಡು ಬೆಂಕಿಯನ್ನು ಊಹಿಸುವುದು ತಾರ್ಕಿಕರ ಪ್ರಸಿದ್ಧ ದೃಷ್ಟಾಂತ. ಹೊಗೆಯಿದ್ದಲ್ಲೆಲ್ಲ ಬೆಂಕಿಯುಂಟೆಂಬ ವ್ಯಾಪ್ತಿಯು ದೃಢವಾಗಿದ್ದರೆ ಮಾತ್ರ ಆ ಅನುಮಾನವು ನಿಲ್ಲುವುದು. ಹಲ್ಲನ್ನು ಕಂಡು ಮೃಗವನ್ನು ಊಹಿಸಹೊರಟ ಯೂರೋಪಿನ ಪಂಡಿತರಿಗೆ ಈ ನಿಯಮದ ಬಿಗಿಯು ಚೆನ್ನಾಗಿ ಅನುಭವಕ್ಕೆ ಬಂದಿತು.

ಇಟಲಿಯ ಆರ್ನೋ ಕಣಿವೆಯೇ ಮೊದಲಾದೆಡೆಗಳಲ್ಲಿ ಕತ್ತಿಯಂತೆ ಚಪ್ಪಟೆಯಾಗಿ ಬಾಗಿದ ನೀಳವಾದ ಕೋರೆಹಲ್ಲುಗಳು ದೊರೆತಿದ್ದುವು. ಫ್ರಾನ್ಸಿನ ಕುವ್ಯೆ ಎಂಬ ಮಹಾಪಂಡಿತನು 1824ರಲ್ಲಿ ಇವು ಒಂದು ಜಾತಿಯ ಕರಡಿಯವೆಂದು ನಿರ್ಣಯಿಸಿದನು. ಜರ್ಮನಿಯ ಕೌಪನು ಇದನ್ನು ಒಪ್ಪದೆ, 1833ರಲ್ಲಿ ಅಂತಹ ಹಲ್ಲುಳ್ಳ ಮೃಗಕ್ಕೆ ‘ಮಖೈರೋಡಸ್’, ಎಂದರೆ ಕತ್ತಿಹಲ್ಲಿನದು, ಎಂಬ ಹೊಸ ಹೆಸರನ್ನಿಟ್ಟನು. ಬ್ರೆಜಿಲ್ ದೇಶದ ಲಾಗೋವಾ ಸಾಂತಾ ಪ್ರಾಂತದ ಗುಹೆಗಳನ್ನು ಶೋಧಿಸುತ್ತಿದ್ದ ಡೆನ್ಮಾರ್ಕಿನ ಲುಂಡನಾದರೋ ತನಗೆ ಮೊದಲು ಸಿಕ್ಕಿದ ಕೆಲವು ದವಡೆಹಲ್ಲುಗಳನ್ನು ಕತ್ತೆಕಿರುಬನವೆಂದು ಭಾವಿಸಿದನು. ಬಳಿಕ ಕೋರೆಹಲ್ಲೂ ಪಾದದ ಎಲುಬುಗಳೂ ದೊರೆಯಲು, 1842ರಲ್ಲಿ ತನ್ನ ಮಾತನ್ನು ತಾನೇ ತಿದ್ದಿ, ಇದು ಬೆಕ್ಕಿನ ಕುಲದ ಬೇರೊಂದು ಮೃಗವೆಂದು ಸಾರಿ ಅದನ್ನು ‘ಸ್ಮೈಲೋಡಾನ್’ ಎಂದು ಕರೆದನು. ಅದರ ಕೋರೆಯು 28 ಸೆಂಟಿಮೀಟರುಗಳವರೆಗೂ ಬೆಳೆಯುತ್ತಿತ್ತು. ನಮ್ಮ ಹಿಮಾಲಯದ ತಪ್ಪಲಿನ ಶಿವಾಲಿಕ ಗುಡ್ಡಗಳಲ್ಲಿಯೂ ಕತ್ತಿಹಲ್ಲಿನ ಮೃಗಗಳ ಅವಶೇಷಗಳು ದೊರೆತಿವೆ.

ಹಾಗಾದರೆ ಕತ್ತಿಹಲ್ಲಿದ್ದುದೆಲ್ಲ ಬೆಕ್ಕಿನ ಕುಲದ್ದೆಂದು ವ್ಯಾಪ್ತಿಯನ್ನು ಹೇಳಬಹುದೆ? ಅದೂ ಸಲ್ಲದು. ಅದಕ್ಕಿಂತ ಪ್ರಾಚೀನವಾದ ನಿಮ್ರಾವಿಡ್ ಎಂಬ ವರ್ಗದ ಮೃಗಗಳು ನೋಟಕ್ಕೆ ಬೆಕ್ಕಿನಂತೆಯೇ ಇದ್ದು, ಅವುಗಳಲ್ಲಿ ಹಲವಕ್ಕೆ ಅಂತಹುದೇ ಕೋರೆಯಿದ್ದರೂ, ಕಿವಿಯೆಲುಬಿನ ರಚನೆ ಬೇರೆ, ಕುಲವೂ ಬೇರೆ. 1933ರಲ್ಲಿ ಅಮೆರಿಕದ ರಿಗ್ಸನು ಅರ್ಜೆಂಟೀನಾದಿಂದ ತಂದ ಎಲುಬುಗಳನ್ನು ವರ್ಣಿಸಿ ಹೆಸರಿಟ್ಟ ಥೈಲಕೋಸ್ಮೈಲಸ್ ಎಂಬ ಕತ್ತಿಹಲ್ಲಿನ ಪ್ರಾಣಿಯಂತೂ ಕಾಂಗರೂ ಮೊದಲಾದ ಹೊಟ್ಟೆಚೀಲದ ಪ್ರಾಣಿಗಳ ದೂರದ ಬಂಧು. ಬೇಟೆಯ ರೀತಿಯು ಸಮಾನವಾದೆಡೆ ಆಯುಧವೂ ಸಮಾನವಾಗಬಹುದು; ಆಯುಧದಿಂದ ವಂಶವು ಸಿದ್ಧಿಸದು. ‘ಕತ್ತಿಹಲ್ಲಿನ ಹುಲಿ’ ಎಂಬ ರೂಢಿಯ ಹೆಸರೂ ಇದರಿಂದಲೇ ಸಲ್ಲದು. ಸ್ಮೈಲೋಡಾನಿನ ವಂಶವು ಹುಲಿಯ ವಂಶದಿಂದ ಸುಮಾರು 2 ಕೋಟಿ ವರ್ಷಗಳ ಹಿಂದೆಯೇ ಕವಲೊಡೆಯಿತೆಂದು ಎಲುಬಿನೊಳಗಿನ ಡಿಎನ್‌ಎಯ ಪರೀಕ್ಷೆಯಿಂದ ತಿಳಿದುಬಂದಿದೆ.

ಸುಮಾರು 10,000 ವರ್ಷಗಳ ಹಿಂದೆ ಈ ಮೃಗಗಳು ಅಳಿದುವು. ಆದುದರಿಂದ ಎಲುಬಿನ ಮೇಲಣ ಅನುಮಾನವೊಂದೇ ಗತಿಯೆಂದು ತೋರುತ್ತಿತ್ತು. ಆದರೆ 2020ರಲ್ಲಿ ಸೈಬೀರಿಯದ ಬಾದ್ಯಾರಿಖಾ ನದಿಯ ಬಳಿ, ಹೆಪ್ಪುಗಟ್ಟಿದ ಮಣ್ಣಿನಲ್ಲಿ, ಹೋಮೋಥೀರಿಯಮ್ ಎಂಬ ಕತ್ತಿಹಲ್ಲಿನ ಮೃಗದ ಮರಿಯೊಂದು ದೊರೆಯಿತು. ಹುಟ್ಟಿ ಸುಮಾರು ಮೂರು ವಾರವಾಗಿದ್ದ ಆ ಮರಿಯು 35,000 ವರ್ಷಗಳಿಗೂ ಹಿಂದಿನದು. 2024ರಲ್ಲಿ ರಷ್ಯದ ಪಂಡಿತರು ಅದರ ವರ್ಣನೆಯನ್ನು ಪ್ರಕಟಿಸಿದರು: ಗಾಢವಾದ ಕಂದು ಕೂದಲು, ಚಿಕ್ಕ ಕಿವಿ, ಅದೇ ವಯಸ್ಸಿನ ಸಿಂಹದ ಮರಿಗಿಂತ ಬಹಳ ದಪ್ಪವಾದ ಕೊರಳು. ಕೂದಲ ಬಣ್ಣವನ್ನು ಯಾವ ಹಲ್ಲೂ ಹೇಳಿರಲಿಲ್ಲ. ಕುವ್ಯೆಯು ಕರಡಿಯೆಂದ ಇನ್ನೂರು ವರ್ಷಗಳಿಗೆ, ಅನುಮಾನದ ಮೃಗವು ಪ್ರತ್ಯಕ್ಷವಾಯಿತು.