ಶ್ರೋಣಿಯ ಅಂಗಗಳ ಗಾಯ: ರೋಗನಿರ್ಣಯದ ಸಂಕೇತೀಕರಣ

ಸೊಂಟದ ಎಲುಬುಗಳು ಬಟ್ಟಲಿನಂತೆ ಸುತ್ತುವರಿದಿರುವ ಕಿಬ್ಬೊಟ್ಟೆಯ ಭಾಗಕ್ಕೆ ಶ್ರೋಣಿ ಎಂದು ಹೆಸರು. ಮೂತ್ರಕೋಶ, ಮೂತ್ರವಿಸರ್ಜನಾ ನಾಳ, ಗರ್ಭಕೋಶ, ಅಂಡಾಶಯ, ಪ್ರಾಸ್ಟೇಟ್ ಗ್ರಂಥಿ ಇವೆಲ್ಲ ಆ ಬಟ್ಟಲಿನೊಳಗೆ ಇರುತ್ತವೆ. ಅಪಘಾತ, ಇರಿತ, ಗುಂಡೇಟುಗಳಿಂದ ಇವಕ್ಕೆ ಪೆಟ್ಟಾದಾಗ, ವೈದ್ಯರು ಬರೆದ ರೋಗನಿರ್ಣಯವನ್ನು ಅಂತಾರಾಷ್ಟ್ರೀಯ ರೋಗ ವರ್ಗೀಕರಣದ (ಐಸಿಡಿ) ಅಕ್ಷರ, ಅಂಕಿಗಳಿಗೆ ಇಳಿಸುವ ಕೆಲಸವೇ ಸಂಕೇತೀಕರಣ. 1990ರಲ್ಲಿ ವಿಶ್ವ ಆರೋಗ್ಯ ಸಭೆ ಒಪ್ಪಿದ ಹತ್ತನೆಯ ಆವೃತ್ತಿಯಲ್ಲಿ ಈ ಗಾಯಗಳಿಗೆ ಎಸ್37 ಎಂಬ ವಿಭಾಗವಿದೆ. ಎಸ್37 ಮುಖ್ಯವಾಗಿ ಹೇಳುವುದು ಪೆಟ್ಟು ಬಿದ್ದ ಅಂಗ ಯಾವುದು ಎಂಬುದನ್ನು. ಗಾಯದ ನಿಜಸ್ವರೂಪ ತಿಳಿಯಬೇಕಾದರೆ ಅದನ್ನು ಬೇರೆ ಸಂಕೇತಗಳ ಜೊತೆಗಿಟ್ಟು ಓದಬೇಕು. ಒಂಟಿಯಾಗಿ ಓದಿದರೆ ಎಣಿಕೆ ತಪ್ಪುತ್ತದೆ.

ಒಂದೊಂದು ಆವೃತ್ತಿ ಯಾವ ಪ್ರಶ್ನೆಗೆ ಮೊದಲ ಸ್ಥಾನ ಕೊಟ್ಟಿದೆ ಎಂಬುದು ಅದರ ರಚನೆಯಲ್ಲೇ ಕಾಣುತ್ತದೆ. ಅಮೆರಿಕ 2015ರ ಸೆಪ್ಟೆಂಬರ್‌ವರೆಗೆ ಬಳಸಿದ ಒಂಬತ್ತನೆಯ ಆವೃತ್ತಿಯ ರೂಪದಲ್ಲಿ ಈ ಗಾಯಗಳ ಸಂಖ್ಯೆ 867. ಅದು ಮೂತ್ರಕೋಶವನ್ನೂ ಮೂತ್ರವಿಸರ್ಜನಾ ನಾಳವನ್ನೂ ಒಂದೇ ಗುಂಪಿಗೆ ಸೇರಿಸಿ, ಶರೀರದ ಒಳಗಿನ ಕುಹರದವರೆಗೆ ತೆರೆದ ಗಾಯ ಇದೆಯೇ ಇಲ್ಲವೇ ಎಂಬುದರ ಮೇಲೆ ಎರಡು ಮಾಡುತ್ತಿತ್ತು: ಇಲ್ಲದಿದ್ದರೆ 867.0, ಇದ್ದರೆ 867.1. ಹತ್ತನೆಯ ಆವೃತ್ತಿ ಅಂಗಗಳನ್ನು ಬೇರ್ಪಡಿಸಿತು. ಮೂತ್ರಪಿಂಡಕ್ಕೆ ಎಸ್37.0, ಮೂತ್ರನಾಳಕ್ಕೆ ಎಸ್37.1, ಮೂತ್ರಕೋಶಕ್ಕೆ ಎಸ್37.2, ಮೂತ್ರವಿಸರ್ಜನಾ ನಾಳಕ್ಕೆ ಎಸ್37.3, ಗರ್ಭಕೋಶಕ್ಕೆ ಎಸ್37.6, ಅಂಗ ಯಾವುದೆಂದು ನಮೂದಾಗದಿದ್ದರೆ ಎಸ್37.9. ತೆರೆದ ಗಾಯದ ಪ್ರಶ್ನೆ ಬೇಕಿದ್ದವರು ಸೇರಿಸಿಕೊಳ್ಳಬಹುದಾದ ಐದನೆಯ ಅಂಕಿಯ ಪಾಲಾಯಿತು. ಇಲ್ಲೊಂದು ತೊಡಕಿದೆ. ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಲ್ಲಿ ಎಸ್37.20 ಎಂದರೆ ತೆರೆದ ಗಾಯವಿಲ್ಲದ ಮೂತ್ರಕೋಶದ ಪೆಟ್ಟು. ಅದೇ ಎಸ್37.20 ಅಮೆರಿಕದ ಈಗಿನ ರೂಪದಲ್ಲಿ ಮೂತ್ರಕೋಶದ ಅನಿರ್ದಿಷ್ಟ ಗಾಯ; ಜಜ್ಜುಗಾಯಕ್ಕೆ ಅಲ್ಲಿ ಎಸ್37.22, ಹರಿದ ಗಾಯಕ್ಕೆ ಎಸ್37.23. ಎರಡು ದೇಶಗಳ ಅಂಕಿ ಅಂಶಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡುವವರು ಯಾವ ಪಟ್ಟಿಯಿಂದ ಬಂದದ್ದೆಂದು ಮೊದಲು ಕೇಳಬೇಕು.

ಅಂಗದ ಹೆಸರು ಸಾಲದು ಎಂಬುದಕ್ಕೆ ಮೂತ್ರಕೋಶವೇ ಒಳ್ಳೆಯ ಸಾಕ್ಷಿ. ಲಾರಿ ಡಿಕ್ಕಿ ಹೊಡೆದು ಬೈಕ್ ಸವಾರನ ಮೂತ್ರಕೋಶ ಹರಿದರೆ ಎಸ್37.2. ಹೆರಿಗೆಯಲ್ಲಿ ಹರಿದರೆ ಒ71.5. ಶಸ್ತ್ರಚಿಕಿತ್ಸೆಯಲ್ಲಿ ಅಕಸ್ಮಾತ್ ತೂತಾದರೆ ಟಿ81.2ರ ಕಡೆಗೆ ಹೋಗಬೇಕು. ಪೆಟ್ಟೇ ಇಲ್ಲದೆ, ರೋಗದಿಂದ ಒಡೆದರೆ ಎನ್32.4. ಅಂಗ ಒಂದೇ, ಹರಿದದ್ದೂ ಅದೇ, ಆದರೆ ವಿಳಾಸ ನಾಲ್ಕು. ಕಾರಣವನ್ನು ನೋಡಿ ಅಧ್ಯಾಯ ನಿರ್ಧರಿಸುವುದು ವರ್ಗೀಕರಣದ ನಿಯಮ. ತಡೆಗಟ್ಟುವ ದಾರಿಯೂ ಕಾರಣವನ್ನೇ ಅವಲಂಬಿಸಿರುವುದರಿಂದ ಅದು ಸರಿಯಾದ ನಿಯಮವೂ ಹೌದು. ಹಾಗಾಗಿ ಎಸ್37.2ನ್ನು ಮಾತ್ರ ಕೂಡಿಸಿ 'ಇಷ್ಟು ಮಂದಿಗೆ ಮೂತ್ರಕೋಶದ ಗಾಯ' ಎನ್ನುವ ವರದಿಯಲ್ಲಿ ಹೆರಿಗೆಯಲ್ಲಿ ಗಾಯಗೊಂಡ ತಾಯಂದಿರು ಲೆಕ್ಕಕ್ಕೇ ಬರುವುದಿಲ್ಲ. ಸಾವಿನ ಲೆಕ್ಕದಲ್ಲಿ ಇನ್ನೊಂದು ಬಗೆಯ ಮರೆ. ಗಾಯದಿಂದ ಸತ್ತವರ ಮೂಲ ಕಾರಣವಾಗಿ ದಾಖಲಾಗುವುದು ಅಪಘಾತ ಅಥವಾ ಹಲ್ಲೆಯ ಸಂಕೇತ. ಆ ಲಾರಿಯ ಪ್ರಸಂಗದಲ್ಲಿ ಅದು ವಿ24.4. ಮೂಲ ಕಾರಣವನ್ನಷ್ಟೇ ತೋರಿಸುವ ಕೋಷ್ಟಕದಲ್ಲಿ ಹರಿದ ಅಂಗದ ಸುಳಿವೂ ಇರದು.

ಎಸ್37.2 ಹೇಳದೆ ಬಿಡುವ ದೊಡ್ಡ ಸಂಗತಿ ಉದರದ ಕುಹರದ ಒಳಮೈಯನ್ನು ಹೊದಿಸಿರುವ ಉದರಪೊರೆಗೆ ಸಂಬಂಧಿಸಿದ್ದು. ಸೊಂಟದ ಎಲುಬು ಮುರಿದಾಗ ಮೂತ್ರಕೋಶ ಸಾಮಾನ್ಯವಾಗಿ ಪೊರೆಯ ಹೊರಗೆ ಹರಿಯುತ್ತದೆ. ಬೇರೆ ತೊಡಕಿಲ್ಲದಿದ್ದರೆ ಕ್ಯಾತಿಟರ್ ಹಾಕಿ ಮೂತ್ರವನ್ನು ಹೊರಹರಿಸುತ್ತ ವಾಸಿಯಾಗಲು ಬಿಡಬಹುದು. ಮೂತ್ರ ತುಂಬಿರುವಾಗ ಹೊಟ್ಟೆಗೆ ಪೆಟ್ಟು ಬಿದ್ದರೆ ಮೂತ್ರಕೋಶ ಮೇಲ್ಭಾಗದಲ್ಲಿ ಒಡೆದು ಮೂತ್ರ ಉದರದ ಕುಹರಕ್ಕೆ ನುಗ್ಗುತ್ತದೆ. ಆಗ ಸಾಮಾನ್ಯವಾಗಿ ಶಸ್ತ್ರಚಿಕಿತ್ಸೆಯಿಂದ ಹೊಲಿಯಲೇಬೇಕು. ಚಿಕಿತ್ಸೆಯ ದಾರಿಯನ್ನೇ ಬದಲಿಸುವ ಈ ಭೇದಕ್ಕೆ ಸಂಕೇತದಲ್ಲಿ ಜಾಗವಿಲ್ಲ.

ಹಾಗಾದರೆ ಉಪಸಂಕೇತಗಳನ್ನು ಹೆಚ್ಚಿಸಿದರಾಯಿತಲ್ಲ ಎಂದು ಕೇಳಬಹುದು. ಅಮೆರಿಕದ ರೂಪ ಜಜ್ಜುಗಾಯ, ಹರಿದ ಗಾಯ ಎಂದು ಒಡೆಯಿತು. ಮೊದಲ ಚಿಕಿತ್ಸೆಯೋ ಮುಂದಿನ ಭೇಟಿಯೋ ಎಂದು ತಿಳಿಸಲು ಏಳನೆಯ ಅಕ್ಷರವನ್ನೂ ಸೇರಿಸಿತು. ಆದರೂ 'ಅನಿರ್ದಿಷ್ಟ' ಎಂಬ ಜಾಗವನ್ನು ಉಳಿಸಿಕೊಳ್ಳಬೇಕಾಯಿತು. ಏಕೆಂದರೆ ಕೇಸ್ ಶೀಟಿನಲ್ಲಿ ಇಲ್ಲದ್ದನ್ನು ಊಹಿಸಿ ಬರೆಯುವ ಅಧಿಕಾರ ಸಂಕೇತೀಕರಣ ಮಾಡುವ ಕೋಡರ್‌ಗೆ ಇಲ್ಲ. ವೈದ್ಯರು 'ಮೂತ್ರಕೋಶಕ್ಕೆ ಗಾಯ' ಎಂದಷ್ಟೇ ಬರೆದಿದ್ದರೆ ನೂರು ಉಪಸಂಕೇತಗಳಿದ್ದರೂ ಉಪಯೋಗವಿಲ್ಲ. ಅಂಥಲ್ಲಿ 'ಅನಿರ್ದಿಷ್ಟ' ಎಂದು ಬರೆಯುವುದೇ ಪ್ರಾಮಾಣಿಕತೆ. 2019ರಲ್ಲಿ ಅಂಗೀಕಾರವಾಗಿ 2022ರ ಜನವರಿಯಿಂದ ಜಾರಿಗೆ ಬಂದ ಹನ್ನೊಂದನೆಯ ಆವೃತ್ತಿ ಒಂದು ಸಂಕೇತಕ್ಕೆ ಇನ್ನೊಂದನ್ನು ಪೋಣಿಸುವ ವ್ಯವಸ್ಥೆ ತಂದಿದೆ. ಒಂಟಿ ಸಂಕೇತ ಸಾಲದೆಂದು ವರ್ಗೀಕರಣವೇ ಒಪ್ಪಿಕೊಂಡಂತಾಯಿತು.

ವಿವರವೆಲ್ಲ ಕೇಸ್ ಶೀಟಿನಲ್ಲಿರುತ್ತದೆ, ಸಂಕೇತ ಬರೀ ಬಿಲ್ಲಿಗೆ ಎಂಬ ಆಕ್ಷೇಪವೂ ಇದೆ. ಹಾಸಿಗೆಯ ಪಕ್ಕದಲ್ಲಿ ನಿಂತ ವೈದ್ಯರ ಮಟ್ಟಿಗೆ ಅದು ನಿಜ. ಸಂಕೇತ ನೋಡಿ ಯಾರೂ ಹೊಲಿಗೆ ಹಾಕುವುದಿಲ್ಲ. ಆದರೆ ಯಾವ ರಸ್ತೆಗೆ ತಡೆಗೋಡೆ ಬೇಕು, ಯಾವ ಹೆರಿಗೆ ಆಸ್ಪತ್ರೆಗೆ ಶಸ್ತ್ರಚಿಕಿತ್ಸಕರು ಬೇಕು ಎಂದು ತೀರ್ಮಾನಿಸುವವರು ಸಾವಿರಾರು ಕೇಸ್ ಶೀಟುಗಳನ್ನು ತೆರೆದು ಓದಲಾರರು. ಅವರ ಕೈಗೆ ಸಿಗುವುದು ಸಂಕೇತಗಳ ಮೊತ್ತ ಮಾತ್ರ. ಆ ಬೈಕ್ ಸವಾರನ ದಾಖಲೆಯಲ್ಲಿ ಎಸ್37.2ರ ಜೊತೆಗೆ ಮುರಿದ ಪ್ಯೂಬಿಸ್ ಎಲುಬಿನ ಎಸ್32.5, ಡಿಕ್ಕಿಯ ವಿ24.4 ಎರಡೂ ಇದ್ದರೆ ನಡೆದದ್ದು ಬಹುಮಟ್ಟಿಗೆ ಅರ್ಥವಾಗುತ್ತದೆ. ಅದಕ್ಕೆ ವೈದ್ಯರು ನಾಲ್ಕು ಸಂಗತಿಗಳನ್ನು ಬರೆದಿರಬೇಕು: ಯಾವ ಅಂಗ, ಪೊರೆಯ ಒಳಗೋ ಹೊರಗೋ, ತೆರೆದ ಗಾಯ ಉಂಟೇ, ಪೆಟ್ಟು ಹೇಗಾಯಿತು. ಇವುಗಳಲ್ಲಿ ಪೊರೆಯ ವಿಷಯ ಎಸ್37ಕ್ಕೆ ಇಳಿಯದಿದ್ದರೂ, ಮುಂದೆ ದಾಖಲೆ ತೆರೆದು ಗಾಯದ ತೀವ್ರತೆಯನ್ನು ಅಳೆಯುವವರಿಗೆ ಅದು ಬೇಕೇ ಬೇಕು.