ಬಟನ್ ಸೆಲ್ ನುಂಗಿದರೆ ಏನಾಗುತ್ತದೆ? ರಾಸಾಯನಿಕ ವಿದ್ಯುತ್ತು ಮತ್ತು ನಮ್ಮ ದೇಹ

ಟಾರ್ಚಿನ ಸೆಲ್, ಕೈಗಡಿಯಾರದ ಬಟನ್ ಸೆಲ್, ಹೃದಯಕ್ಕೆ ಅಳವಡಿಸುವ ಪೇಸ್‌ಮೇಕರ್ – ಈ ಮೂರರಲ್ಲೂ ವಿದ್ಯುತ್ತು ಹುಟ್ಟುವುದು ರಾಸಾಯನಿಕ ಕ್ರಿಯೆಯಿಂದ. ಸೆಲ್ ಹೊರಗಿದ್ದರೆ ಉಪಕಾರಿ. ಅದೇ ಸೆಲ್ ಮಗುವಿನ ಅನ್ನನಾಳದಲ್ಲಿ ಸಿಕ್ಕಿಕೊಂಡರೆ ಎರಡು ಗಂಟೆಯೊಳಗೆ ಗಂಭೀರ ಸುಟ್ಟಗಾಯ ಮಾಡಬಲ್ಲದು. ಕಾಶಿಯಾತ್ರೆಗೆ ಹೊರಟವರೂ ಮನೆಯಲ್ಲಿ ಮಕ್ಕಳು, ಹಿರಿಯರನ್ನು ನೋಡಿಕೊಳ್ಳುವವರೂ ಇದನ್ನು ತಿಳಿದಿರಬೇಕು.

ಈ ವಿದ್ಯುತ್ತು ಪತ್ತೆಯಾದದ್ದು ಹೇಗೆ?

ಇಟಲಿಯ ಬೊಲೊನ್ಯಾದ ವೈದ್ಯ ಲುಯಿಜಿ ಗಾಲ್ವಾನಿ 1780ರ ದಶಕದಲ್ಲಿ ಸತ್ತ ಕಪ್ಪೆಯ ಕಾಲುಗಳ ಮೇಲೆ ಪ್ರಯೋಗ ಮಾಡುತ್ತಿದ್ದರು. ಎರಡು ಬೇರೆ ಬೇರೆ ಲೋಹಗಳು ನರಕ್ಕೂ ಸ್ನಾಯುವಿಗೂ ತಗುಲಿದಾಗ ಕಾಲು ಅದುರಿತು. ವಿದ್ಯುತ್ತು ಪ್ರಾಣಿಯ ದೇಹದಲ್ಲೇ ಇದೆ ಎಂದು 1791ರಲ್ಲಿ ಅವರು ಪ್ರಕಟಿಸಿದರು. ಅಲೆಸ್ಸಾಂಡ್ರೊ ವೋಲ್ಟಾ ಇದನ್ನು ಒಪ್ಪಲಿಲ್ಲ. ಬೆಳ್ಳಿ ಮತ್ತು ಸತುವಿನ ಬಿಲ್ಲೆಗಳ ನಡುವೆ ಉಪ್ಪುನೀರಿನಲ್ಲಿ ನೆನೆಸಿದ ರಟ್ಟನ್ನಿಟ್ಟು, ಒಂದರ ಮೇಲೊಂದು ಪೇರಿಸಿ, 1800ರಲ್ಲಿ ಮೊದಲ ಬ್ಯಾಟರಿಯನ್ನು ತೋರಿಸಿದರು. ಅದರ ತುದಿಗಳನ್ನು ತಮ್ಮ ಕಿವಿಗಳಿಗೇ ಇಟ್ಟುಕೊಂಡಾಗ ತಲೆಗೆ ಹೊಡೆತ ಬಿದ್ದಂತಾಗಿ, ಏನೋ ಕುದಿಯುವಂಥ ಸದ್ದು ಕೇಳಿಸಿತು ಎಂದು ಅವರು ಬರೆದಿದ್ದಾರೆ.

ಅದೇ ವರ್ಷ ಲಂಡನ್ನಿನಲ್ಲಿ ವಿಲಿಯಂ ನಿಕಲ್ಸನ್ ಮತ್ತು ಶಸ್ತ್ರವೈದ್ಯ ಆಂಟನಿ ಕಾರ್ಲೈಲ್ ಈ ವಿದ್ಯುತ್ತಿನಿಂದ ನೀರನ್ನು ಒಡೆದರು. ಋಣ ತುದಿಯ ಬಳಿ ನೀರು ಕ್ಷಾರವಾಗುತ್ತದೆ ಎಂಬುದೂ ಆ ಕಾಲದಲ್ಲೇ ತಿಳಿಯಿತು. 1803ರಲ್ಲಿ ಗಾಲ್ವಾನಿಯ ಸೋದರಳಿಯ ಅಲ್ದೀನಿ, ಗಲ್ಲಿಗೇರಿಸಿದ ಅಪರಾಧಿಯ ಶವಕ್ಕೆ ಬ್ಯಾಟರಿ ಹಚ್ಚಿ ದವಡೆ ಅದುರುವುದನ್ನು ತೋರಿಸಿದರು. ಸ್ನಾಯು ಅಲುಗಿತೇ ಹೊರತು ಜೀವ ಮರಳಲಿಲ್ಲ.

ವಾರಾಣಸಿಗೂ ಈ ವಿಷಯಕ್ಕೂ ನಂಟಿದೆ. 1916ರ ಫೆಬ್ರವರಿಯಲ್ಲಿ ಬನಾರಸ್ ಹಿಂದೂ ವಿಶ್ವವಿದ್ಯಾಲಯದ ಶಿಲಾನ್ಯಾಸದ ಸಂದರ್ಭದಲ್ಲಿ ಉಪನ್ಯಾಸ ನೀಡಿದವರಲ್ಲಿ, ಸಸ್ಯಗಳಲ್ಲೂ ವಿದ್ಯುತ್ ಪ್ರತಿಕ್ರಿಯೆ ಇದೆಯೆಂದು ತೋರಿಸಿದ ಜಗದೀಶಚಂದ್ರ ಬೋಸರೂ ಒಬ್ಬರು. ಆ ವಿಶ್ವವಿದ್ಯಾಲಯದ ಮೊದಲ ಕುಲಾಧಿಪತಿ ಮೈಸೂರಿನ ನಾಲ್ವಡಿ ಕೃಷ್ಣರಾಜ ಒಡೆಯರು.

ಬಟನ್ ಸೆಲ್ ದೇಹವನ್ನು ಸುಡುವುದು ಹೇಗೆ?

ಸೆಲ್ ಒಡೆದು ಸೋರಿದರೆ ಮಾತ್ರ ಅಪಾಯ ಎಂದು ಹಲವರು ತಿಳಿದಿದ್ದಾರೆ. ಅದು ತಪ್ಪು. ಜೊಲ್ಲು ಮತ್ತು ಅನ್ನನಾಳದ ತೇವ ಉಪ್ಪುನೀರಿನಂತೆ ವಿದ್ಯುತ್ತನ್ನು ಹರಿಯಗೊಡುತ್ತವೆ. ಸೆಲ್‌ನ ಋಣ ಬದಿಯಲ್ಲಿ, 1800ರ ಪ್ರಯೋಗದಲ್ಲಿ ಆದಂತೆಯೇ, ತೀಕ್ಷ್ಣ ಕ್ಷಾರ ಉಂಟಾಗಿ ಅಂಗಾಂಶವನ್ನು ಕರಗಿಸುತ್ತದೆ. ಗಾಯ ಆಳಕ್ಕಿಳಿದರೆ ಶ್ವಾಸನಾಳಕ್ಕೂ ದೊಡ್ಡ ರಕ್ತನಾಳಕ್ಕೂ ತೂತಾಗಬಹುದು. 20 ಮಿಲಿಮೀಟರ್ ಅಗಲದ, 3 ವೋಲ್ಟಿನ ಲಿಥಿಯಂ ಸೆಲ್ ಹೆಚ್ಚು ಅಪಾಯಕಾರಿ. ರಿಮೋಟಿಗೆ ಸಾಲದೆಂದು ತೆಗೆದಿಟ್ಟ ಹಳೆಯ ಸೆಲ್‌ನಲ್ಲೂ ಸುಡುವಷ್ಟು ಶಕ್ತಿ ಉಳಿದಿರುತ್ತದೆ.

ಲಕ್ಷಣಗಳು

• ಜೊಲ್ಲು ಸುರಿಯುವುದು, ಊಟ ಬೇಡವೆನ್ನುವುದು, ನುಂಗಲು ಕಷ್ಟ
• ಕೆಮ್ಮು, ಗೊರಗೊರ ಉಸಿರು
• ವಾಂತಿ, ಎದೆನೋವು, ರಕ್ತ ಅಥವಾ ಕಪ್ಪು ಮಲ

ಮೊದಲಲ್ಲಿ ಯಾವ ಲಕ್ಷಣವೂ ಕಾಣದಿರಬಹುದು. ಅನುಮಾನವಿದ್ದರೆ ಸಾಕು, ಆಸ್ಪತ್ರೆಗೆ ಹೋಗಿ.

ತಕ್ಷಣ ಏನು ಮಾಡಬೇಕು?

• 112 ಅಥವಾ 108ಕ್ಕೆ ಕರೆ ಮಾಡಿ. ಎಕ್ಸ್‌ರೇ ಮತ್ತು ಎಂಡೋಸ್ಕೋಪಿ ಇರುವ ಆಸ್ಪತ್ರೆಗೆ ಒಯ್ಯಿರಿ. ವಾರಾಣಸಿಯಲ್ಲಿ ವಿಶ್ವವಿದ್ಯಾಲಯದ ಸರ್ ಸುಂದರಲಾಲ್ ಆಸ್ಪತ್ರೆ ಇದೆ.
• ಘಾಟ್‌ಗಳ ಹಿಂದಿನ ಗಲ್ಲಿಗಳಿಗೆ ಆಂಬುಲೆನ್ಸ್ ಬರಲಾರದು. ಕಾಯುತ್ತಾ ಕೂರದೆ ಮಗುವನ್ನು ಎತ್ತಿಕೊಂಡು ಮುಖ್ಯರಸ್ತೆಗೆ ಬನ್ನಿ.
• ಹಿಂದಿ ಬಾರದಿದ್ದರೆ ಇಷ್ಟು ಹೇಳಿ: 'ಬಚ್ಚೇ ನೇ ಬಟನ್ ಸೆಲ್ ನಿಗಲ್ ಲಿಯಾ ಹೈ.' ಎಕ್ಸ್‌ರೇಯಲ್ಲಿ ಸೆಲ್ ನಾಣ್ಯದಂತೆಯೇ ಕಾಣಬಹುದು. 'ಸೆಲ್' ಎಂದು ಒತ್ತಿ ಹೇಳಿ.
• ಒಂದು ವರ್ಷ ದಾಟಿದ ಮಗುವಿಗೆ, ನುಂಗಿ 12 ಗಂಟೆ ಕಳೆದಿಲ್ಲದಿದ್ದು, ನುಂಗಲು ಸಾಧ್ಯವಿದ್ದರೆ, ದಾರಿಯಲ್ಲಿ 10 ನಿಮಿಷಕ್ಕೊಮ್ಮೆ 2 ಟೀ ಚಮಚ ಜೇನು ಕೊಡಬಹುದು. 6 ಸಲಕ್ಕಿಂತ ಹೆಚ್ಚು ಬೇಡ. ಜೇನು ಹುಡುಕುತ್ತಾ ಹೊತ್ತು ಕಳೆಯಬೇಡಿ.
• ವಿಷದ ಕುರಿತು ಸಲಹೆಗೆ ದೆಹಲಿಯ ಏಮ್ಸ್ ಕೇಂದ್ರ: 1800 116 117.

ಏನು ಮಾಡಬಾರದು?

• ವಾಂತಿ ಮಾಡಿಸಬೇಡಿ. ಬಾಳೆಹಣ್ಣು, ಅನ್ನದ ಉಂಡೆ ತಿನ್ನಿಸಿ ಕೆಳಗಿಳಿಸಲು ನೋಡಬೇಡಿ.
• ಒಂದು ವರ್ಷದೊಳಗಿನ ಮಗುವಿಗೆ ಜೇನು ಕೊಡಬೇಡಿ.
• ಸೆಲ್ ಮೂಗಿಗೋ ಕಿವಿಗೋ ಹೋಗಿದ್ದರೆ ಎಣ್ಣೆ, ನೀರು, ಔಷಧಿಯ ಹನಿ ಹಾಕಬೇಡಿ. ತೇವ ಹೆಚ್ಚಿದರೆ ಸುಡುವಿಕೆಯೂ ಹೆಚ್ಚಬಹುದು.

ಸೆಲ್ ತೆಗೆದ ಮೇಲೂ ಗಾಯ ಬೆಳೆಯಬಹುದು. ವಾರಗಳ ನಂತರವೂ ರಕ್ತಸ್ರಾವ ಆಗಬಹುದು. ವೈದ್ಯರು ಹೇಳಿದ ದಿನ ತಪ್ಪದೆ ತೋರಿಸಿ. ಬಾಯಲ್ಲಿ ರಕ್ತ ಕಂಡರೆ ಕೂಡಲೇ ಆಸ್ಪತ್ರೆಗೆ ಹೋಗಿ.

ತಡೆಯುವುದು ಹೇಗೆ?

ಮಿನುಗುವ ಆಟಿಕೆ, ಸೆಲ್ ಹಣತೆ, ರಿಮೋಟ್ ಕೊಳ್ಳುವಾಗ ಮುಚ್ಚಳಕ್ಕೆ ಸ್ಕ್ರೂ ಇದೆಯೇ ನೋಡಿ. ಹಳೆಯ ಸೆಲ್‌ಗೆ ಎರಡೂ ಬದಿ ಟೇಪ್ ಸುತ್ತಿ ಮಕ್ಕಳ ಕೈಗೆ ಸಿಗದಂತೆ ಇಡಿ. ಶ್ರವಣಯಂತ್ರದ ಸೆಲ್‌ಗಳನ್ನು ಹಿರಿಯರ ಮಾತ್ರೆ ಡಬ್ಬಿಯ ಪಕ್ಕದಲ್ಲಿ ಇಡಬೇಡಿ, ಮಾತ್ರೆಯೆಂದು ನುಂಗಿದವರಿದ್ದಾರೆ.

ಪೇಸ್‌ಮೇಕರ್ ಇರುವವರು ಹೆದರಬೇಕೆ?

ಬೇಡ. ಪೇಸ್‌ಮೇಕರ್‌ನ ಸೆಲ್ ಟೈಟೇನಿಯಂ ಕವಚದೊಳಗೆ ಬಿಗಿಯಾಗಿ ಮುಚ್ಚಿರುತ್ತದೆ. ದೇಹದ ತೇವ ಅದಕ್ಕೆ ತಾಗದು. ಆದರೆ ಚಿತೆಯ ಬಿಸಿಗೆ ಅದು ಸಿಡಿಯಬಲ್ಲದು. ಪೇಸ್‌ಮೇಕರ್ ಇದ್ದವರು ತೀರಿಕೊಂಡರೆ, ದಹನಕ್ಕೆ ಮೊದಲು ಆಸ್ಪತ್ರೆಯವರಿಗೆ ತಿಳಿಸಿ ಅದನ್ನು ತೆಗೆಸಬೇಕು. ಕಾಶಿಯಲ್ಲೇ ಅಂತ್ಯಸಂಸ್ಕಾರವಾಗಬೇಕೆಂದು ಬಯಸುವ ಹಿರಿಯರಿದ್ದರೆ, ಪೇಸ್‌ಮೇಕರ್ ಕಾರ್ಡು ಎಲ್ಲಿದೆ ಎಂಬುದನ್ನು ಮನೆಯವರು ಈಗಲೇ ತಿಳಿದುಕೊಂಡಿರಿ.

ಈ ಮಾಹಿತಿ ವೈದ್ಯರ ಸಲಹೆಗೆ ಬದಲಿಯಲ್ಲ.